ಆದವಾನಿಯ ಹಬಶಿ

ಆದವಾನಿಯ ಜಾಮಿಯಾ ಮಸೀದಿಯನ್ನು ನಮ್ಮ ವಿದ್ಯಾರ್ಥಿಗಳಲ್ಲಿ ಕೆಲವರಾದರೂ ನೋಡಿರಬಹುದು. ಅದನ್ನು ಕಟ್ಟಿಸಿದವನು ಸಿದ್ದಿ ಮಸೂದ್ ಖಾನ. ಆ ಹೆಸರಿನ ಮೊದಲಿಗಿರುವ ‘ಸಿದ್ದಿ’ ಎಂಬ ಪದ ಏನನ್ನು ಸೂಚಿಸುತ್ತದೆ ಎಂದು ಕೇಳಿದವರು ವಿರಳ. ಹದಿನೇಳನೆಯ ಶತಮಾನದಲ್ಲಿ ಬಿಜಾಪುರದ ಆದಿಲ್‌ಶಾಹಿಗಳ ಪರವಾಗಿ ಆದವಾನಿಯನ್ನು ಆಳಿದ ಈತ ಆಫ್ರಿಕ ಮೂಲದ ಹಬಶಿ. ಬಾಲಕ ಸುಲ್ತಾನ ಸಿಕಂದರನ ಕಾಲದಲ್ಲಿ ಕೆಲವು ವರ್ಷ ರಾಜ್ಯದ ಹೊಣೆಯನ್ನೇ ಹೊತ್ತವನು. 1686ರಲ್ಲಿ ಬಿಜಾಪುರ ಬಿದ್ದ ಮೇಲೆ ಮೊಗಲರು ಆದವಾನಿಗೆ ಮುತ್ತಿಗೆ ಹಾಕಿದರು. ಕೋಟೆ ಬಗ್ಗದಿದ್ದಾಗ ಫಿರಂಗಿಗಳನ್ನು ಮಸೀದಿಯತ್ತ ತಿರುಗಿಸಿದರು. ಪ್ರಾಣಕ್ಕಿಂತ ಪ್ರಿಯವಾದ ಆ ಕಟ್ಟಡ ಉಳಿಯಲೆಂದು ಮಸೂದ್ ಖಾನ ಶರಣಾದ ಎಂದು ಕತೆ. ಕತೆಯಲ್ಲಿ ನಿಜವೆಷ್ಟೋ ಇರಲಿ, 1953ರವರೆಗೆ ರಾಯದುರ್ಗವೂ ಆದವಾನಿಯೂ ಒಂದೇ ಬಳ್ಳಾರಿ ಜಿಲ್ಲೆಯ ತಾಲೂಕುಗಳಾಗಿದ್ದವು. ಆಫ್ರಿಕ ನಮ್ಮ ಸೀಮೆಯ ಚರಿತ್ರೆಯೊಳಗೇ ಇದೆ ಎನ್ನಲು ಇಷ್ಟು ಸಾಕು.

ಆದರೂ ‘ಕಗ್ಗತ್ತಲ ಖಂಡ’ ಎಂಬ ಮಾತು ನಮ್ಮ ಬರಹದಿಂದ ಇನ್ನೂ ಪೂರ್ತಿ ತೊಲಗಿಲ್ಲ. ಕತ್ತಲೆ ಇದ್ದುದು ನೋಡಿದವರ ಕಣ್ಣಿನಲ್ಲಿ. ಇಥಿಯೋಪಿಯದಲ್ಲಿ ಹುಟ್ಟಿ, ಗುಲಾಮನಾಗಿ ಕೈಯಿಂದ ಕೈಗೆ ಮಾರಾಟವಾಗಿ, ಕೊನೆಗೆ ಅಹಮದನಗರ ರಾಜ್ಯದ ಸೂತ್ರ ಹಿಡಿದು ಮೊಗಲರನ್ನು ಕಾಡಿದ ಮಲಿಕ್ ಅಂಬರ್ 1626ರಲ್ಲಿ ತೀರಿಕೊಂಡ. ಮಹಮ್ಮದ್ ಆದಿಲ್‌ಶಾಹನ ಆಸ್ಥಾನದಲ್ಲಿ ಇಖ್ಲಾಸ್ ಖಾನ ಪ್ರಭಾವಿ ಮಂತ್ರಿಯಾಗಿದ್ದ. ದಖ್ಖನಿನ ಚರಿತ್ರೆ ಓದುವವನು ಇವರನ್ನು ದಾಟಿಹೋಗುವಂತಿಲ್ಲ.

ಎಲ್ಲರೂ ಮಂತ್ರಿಗಳಾಗಲಿಲ್ಲ. ಪೋರ್ಚುಗೀಸರು ಗೋವೆಗೆ ತಂದ ಗುಲಾಮರಲ್ಲಿ ಹಲವರು ತಪ್ಪಿಸಿಕೊಂಡು ಘಟ್ಟದ ಕಾಡು ಸೇರಿದರು. ಯಲ್ಲಾಪುರ, ಹಳಿಯಾಳ, ಮುಂಡಗೋಡ ಭಾಗದ ಸಿದ್ದಿಗಳಲ್ಲಿ ಅವರ ಸಂತತಿಯೂ ಇದೆ. ಉತ್ತರ ಕನ್ನಡ ಜಿಲ್ಲೆಯ ಸಿದ್ದಿಗಳನ್ನು ಪರಿಶಿಷ್ಟ ಪಂಗಡಕ್ಕೆ ಸೇರಿಸಿದ್ದು 2003ರಲ್ಲಿ. ಅವರಲ್ಲಿ ಹಿಂದೂಗಳಿದ್ದಾರೆ, ಮುಸಲ್ಮಾನರಿದ್ದಾರೆ, ಕ್ರೈಸ್ತರಿದ್ದಾರೆ. ಆದರೆ ಮನೆಯೊಳಗೆ ತೆಂಗಿನಕಾಯಿಯಿಟ್ಟು ‘ಹಿರಿಯರ’ನ್ನು ಪೂಜಿಸುವ ರೂಢಿ ಮತದ ಗೆರೆಗಳನ್ನು ದಾಟಿ ಉಳಿದಿದೆ. ಸತ್ತವರು ಮನೆ ಬಿಟ್ಟು ಹೋಗುವುದಿಲ್ಲ, ಬದುಕಿರುವವರ ಒಳಿತು ಕೆಡುಕುಗಳಲ್ಲಿ ಅವರಿಗೂ ಪಾಲಿದೆ ಎಂಬ ಈ ಭಾವನೆ ಆಫ್ರಿಕದ ಅನೇಕ ಜನಾಂಗಗಳಲ್ಲಿ ಧರ್ಮದ ತಿರುಳು. ನಮ್ಮ ಹಳ್ಳಿಗಳಲ್ಲಿ ಹಿರಿಯರಿಗೆ ಎಡೆಯಿಡುವವರಿಗೆ ಇದನ್ನು ಬಿಡಿಸಿ ಹೇಳಬೇಕಾದ ಅಗತ್ಯವಿಲ್ಲ.

ಇಲ್ಲಿಯೇ ಒಂದು ಎಚ್ಚರವೂ ಬೇಕು. ಸಿದ್ದಿ ಹೆಂಗಸರು ಹಳೆಯ ಬಟ್ಟೆಯ ತುಂಡುಗಳಿಂದ ಹೊಲಿಯುವ ‘ಕವಂದಿ’ ಇಂದು ಪರದೇಶದ ಪ್ರದರ್ಶನಗಳಲ್ಲಿ ಆಫ್ರಿಕದ ಕಲೆಯೆಂದು ಮೆಚ್ಚುಗೆ ಪಡೆಯುತ್ತಿದೆ. ಆ ಹೆಸರೇ ನಮ್ಮ ಕೌದಿಯನ್ನು ನೆನಪಿಸುತ್ತದೆ. ರಾಯದುರ್ಗದ ಯಾವ ಅಜ್ಜಿಯೂ ಅದನ್ನು ಕಂಡು ಬೆರಗಾಗಲಾರಳು. ಮೂಲೆಗಳಲ್ಲಿ ಹೂವಿನಂತೆ ತ್ರಿಕೋನದ ತುಂಡುಗಳನ್ನು ಹೊಲಿಯದೆ ಕವಂದಿ ಮುಗಿಯುವುದಿಲ್ಲ ಎಂಬುದು ಅವರದೇ ವೈಶಿಷ್ಟ್ಯ. ಎರಡನ್ನೂ ಹೇಳಬೇಕು. ನೂರಾರು ವರ್ಷ ಇಲ್ಲಿ ಬಾಳಿ, ಕೊಂಕಣಿಯನ್ನೂ ಕನ್ನಡವನ್ನೂ ಆಡುವ ಜನರನ್ನು ‘ಆಫ್ರಿಕದವರು’ ಎಂದು ಹೊಗಳುವುದೂ ಅವರನ್ನು ಹೊರಗಿಡುವ ಒಂದು ಬಗೆಯೇ. 1980ರ ದಶಕದಲ್ಲಿ ನೀನಾಸಮ್ ಬಳಗದ ಚಿದಂಬರರಾವ್ ಜಂಬೆ ಅವರು ಮಂಚೀಕೇರಿಯ ಸಿದ್ದಿಗಳಿಂದ ‘ಕಪ್ಪು ಜನ ಕೆಂಪು ನೆರಳು’ ಆಡಿಸಿದರು. ನೈಜೀರಿಯದ ಚಿನುವಾ ಅಚಿಬೆ 1958ರಲ್ಲಿ ಪ್ರಕಟಿಸಿದ ಕಾದಂಬರಿ ಅದಕ್ಕೆ ಆಧಾರ. ಸಿದ್ದಿಗಳು ಅಲ್ಲಿ ಪ್ರದರ್ಶನದ ವಸ್ತುವಾಗದೆ ನಟರಾದರು. ಅಧ್ಯಯನ ಹೋಗಬೇಕಾದ ದಾರಿ ಅದೆಂದು ನನ್ನ ನಂಬಿಕೆ.

ಮೌಖಿಕ ಕಾವ್ಯ ನಮ್ಮ ಪಠ್ಯದಲ್ಲಿದೆ. ಮಡಕಶಿರದ ನೆರೆಯ ಶಿರಾ ಸೀಮೆಯಲ್ಲಿ ಕಾಡುಗೊಲ್ಲರು ಗಣೆಯ ನಾದದೊಡನೆ ಜುಂಜಪ್ಪನ ಕಾವ್ಯವನ್ನು ಹಾಡುತ್ತಾರೆ. ಪಶ್ಚಿಮ ಆಫ್ರಿಕದ ಮಾಲಿ ಸಾಮ್ರಾಜ್ಯವನ್ನು ಹದಿಮೂರನೆಯ ಶತಮಾನದಲ್ಲಿ ಕಟ್ಟಿದ ಸುಂಡಿಯಾಟನ ಕತೆಯನ್ನು ವಂಶಪಾರಂಪರ್ಯವಾಗಿ ಹಾಡಿಕೊಂಡು ಬಂದ ಗಾಯಕರಿದ್ದಾರೆ. ಅವರಲ್ಲೊಬ್ಬರಿಂದ ಕೇಳಿದ್ದನ್ನು ಡಿ.ಟಿ. ನಿಯಾನೆ 1960ರಲ್ಲಿ ಫ್ರೆಂಚಿನಲ್ಲಿ ಪ್ರಕಟಿಸಿದರು. ಸುಂಡಿಯಾಟ ಬಾಲ್ಯದಲ್ಲಿ ನಡೆಯಲಾರದವನು, ಹೀಯಾಳಿಕೆಗೆ ಗುರಿಯಾದವನು, ಊರು ಬಿಟ್ಟು ಅಲೆದು ಮರಳಿದವನು. ಜುಂಜಪ್ಪನನ್ನು ಓದಿದವರು ಇವನ ಪಕ್ಕದಲ್ಲಿ ಅವನನ್ನಿಟ್ಟು ನೋಡಲಿ. ಯೊರುಬಾ ಜನರ ‘ಇಫಾ’ ಕಣಿಯಲ್ಲಿ 256 ವಿಭಾಗಗಳಿವೆ. ಒಂದೊಂದಕ್ಕೂ ಪದ್ಯಗಳ ರಾಶಿ. ಕಣಿ ಹೇಳುವವನು ಅವನ್ನು ವರ್ಷಗಟ್ಟಲೆ ಕಂಠಸ್ಥ ಮಾಡಬೇಕು. ಇದನ್ನು ಮೂಢನಂಬಿಕೆ ಎಂದು ಒಂದು ಪದದಲ್ಲಿ ತಳ್ಳಿಹಾಕುವವರು ವೇದಾಧ್ಯಯನದ ಬಾಯಿಪಾಠಕ್ಕೆ ಬೇರೆ ಅಳತೆಗೋಲನ್ನು ಏಕೆ ಹಿಡಿಯುತ್ತಾರೆ?

‘ಇಲ್ಲಿ ಕನ್ನಡವೇ ಉಸಿರು ಬಿಗಿಹಿಡಿದು ನಿಂತಿದೆ, ಆಫ್ರಿಕದ ಗೊಡವೆ ಏಕೆ’ ಎಂಬ ಆಕ್ಷೇಪವುಂಟು. ಅದು ಪೊಳ್ಳಲ್ಲ. ಆದರೆ ಕೆನ್ಯದ ಗೂಗಿ ಅವರನ್ನು ನೆನೆಯಿರಿ. ಇಂಗ್ಲಿಷಿನಲ್ಲಿ ಹೆಸರು ಮಾಡಿದ್ದವರು, ಕಮಿರಿಥು ಎಂಬ ಹಳ್ಳಿಯ ಜನರೊಡನೆ ಗಿಕುಯು ಭಾಷೆಯಲ್ಲಿ ನಾಟಕ ಆಡಿಸಿದರು. 1977ರ ಡಿಸೆಂಬರಿನಲ್ಲಿ ಬಂಧನವಾಯಿತು. ಸೆರೆಮನೆಯಲ್ಲಿ ಶೌಚದ ಕಾಗದದ ಮೇಲೆ ಗಿಕುಯುವಿನಲ್ಲೇ ಕಾದಂಬರಿ ಬರೆದರು. ಇಂಗ್ಲಿಷಿನಲ್ಲಿ ಬರೆದಷ್ಟು ಕಾಲ ಅವರ ಮೇಲೆ ಬೀಳದ ಕೈ ತಾಯ್ನುಡಿಯ ನಾಟಕದ ಮೇಲೆ ಏಕೆ ಬಿತ್ತು ಎಂಬುದು ಐಚ್ಛಿಕ ಕನ್ನಡ ಆರಿಸಿಕೊಂಡವರು ಚರ್ಚಿಸಬೇಕಾದ ಪ್ರಶ್ನೆ. ಹೋಲಿಕೆಯನ್ನು ತೀರ ಎಳೆಯುವುದೂ ಬೇಡ: ತೆಲುಗು ನಮಗೆ ದೊರೆಗಳ ಭಾಷೆಯಲ್ಲ, ಸೋದರಮಾವನ ಮನೆಯ ಮಾತು. ಎರಡನ್ನೂ ಒಟ್ಟಿಗೆ ಹಿಂದಕ್ಕೆ ತಳ್ಳುತ್ತಿರುವುದು ಯಾವುದೆಂದು ಎಲ್ಲರಿಗೂ ಗೊತ್ತು.

ಈ ವರ್ಷದ ಕಿರುಪ್ರಬಂಧಗಳಿಗೆ ಎರಡು ವಿಷಯಗಳನ್ನು ಸೂಚಿಸುತ್ತೇನೆ. ಮಡಕಶಿರದ ಕಡೆಯವರು ಗಣೆ ನುಡಿಸುವವರೊಬ್ಬರನ್ನು ಹುಡುಕಿ ಜುಂಜಪ್ಪನ ಹುಟ್ಟಿನ ಭಾಗವನ್ನು ಧ್ವನಿಮುದ್ರಿಸಿಕೊಂಡು, ಸುಂಡಿಯಾಟನ ಬಾಲ್ಯದೊಡನೆ ಹೋಲಿಸಿ ಬರೆಯಲಿ. ರಾಯದುರ್ಗದವರು ಬಳ್ಳಾರಿಯ ಮೇಲೆ ಆದವಾನಿಗೆ ಹೋಗಲಿ. ಮಸೂದ್ ಖಾನನ ಬಗ್ಗೆ ಅಲ್ಲಿನ ಹಿರಿಯರು ಏನು ಹೇಳುತ್ತಾರೆಂಬುದನ್ನು, ಕನ್ನಡವೋ ತೆಲುಗೋ ಉರ್ದುವೋ, ಹೇಳಿದ ಭಾಷೆಯಲ್ಲೇ ಬರೆದುಕೊಂಡು ಬರಲಿ.