ಮಂಕಾದದ್ದು ಚಿಕ್ಕಿಯಲ್ಲ

ದೀಪಾವಳಿ ರಜೆಗೆ ದೇವದುರ್ಗದ ಹತ್ತಿರ ಇರುವ ನಮ್ಮ ಹೊಲದ ಮನೆಗೆ ಹೋಗಿದ್ದೆ. ಮಾನ್ವಿಯಿಂದ ಅಣ್ಣನ ಮಗಳೂ ಬಂದಿದ್ದಳು. ಏಳನೇ ಕ್ಲಾಸು. ನೋಟ್‌ಬುಕ್ಕಿನಲ್ಲಿ ಒಂದು ಮಾಯಾಲೋಕದ ಕಥೆ ಬರೀತಿದ್ದಾಳೆ. ಆ ಲೋಕದಲ್ಲಿ ನಕ್ಷತ್ರದ ಬೆಳಕನ್ನು ಹಣತೆ ಲೆಕ್ಕದಲ್ಲಿ ಅಳೀತಾರೆ. ರಾಣಿ ನಕ್ಷತ್ರಕ್ಕೆ ನೂರು ಹಣತೆ, ಸಿಪಾಯಿ ನಕ್ಷತ್ರಕ್ಕೆ ಒಂದೇ.

"ಕಾಕಾ, ನಮ್ಮ ಲೋಕದಾಗ ಹೆಂಗ ಅಳೀತಾರ?" ಅಂದಳು.

"ಉಲ್ಟಾ. ಕ್ಲಾಸಿನ ರ‍್ಯಾಂಕ್ ಇದ್ದಂಗ."

ಸುಮಾರು 1,900 ವರ್ಷದ ಹಿಂದೆ ಟಾಲೆಮಿ ಸಾವಿರಕ್ಕೂ ಹೆಚ್ಚು ನಕ್ಷತ್ರಗಳ ಪಟ್ಟಿ ಮಾಡಿದ. ತುಂಬಾ ಹೊಳೆಯೋದು ಒಂದನೇ ದರ್ಜೆ, ಕಷ್ಟಪಟ್ಟು ಕಾಣೋದು ಆರನೇ ದರ್ಜೆ. 1856ರಲ್ಲಿ ನಾರ್ಮನ್ ಪಾಗ್ಸನ್ ಎಂಬ ಇಂಗ್ಲಿಷ್ ಖಗೋಳಜ್ಞ ಇದಕ್ಕೊಂದು ಗಣಿತ ಕೊಟ್ಟರು. ಐದು ದರ್ಜೆ ಅಂತರ ಅಂದರೆ ಬೆಳಕಿನಲ್ಲಿ 100 ಪಟ್ಟು ಅಂತರ; ಒಂದು ದರ್ಜೆಗೆ ಸುಮಾರು ಎರಡೂವರೆ ಪಟ್ಟು. ಹಾಗಾದರೆ ಇವಳ ರಾಣಿಗೂ ಸಿಪಾಯಿಗೂ ನಡುವೆ ಸರಿಯಾಗಿ ಐದು ದರ್ಜೆ! ಇವಳಿಗೆ ಖುಷಿಯೋ ಖುಷಿ.

ಪಾಗ್ಸನ್ 1861ರಲ್ಲಿ ಮದ್ರಾಸ್ ವೀಕ್ಷಣಾಲಯಕ್ಕೆ ಬಂದವರು 1891ರಲ್ಲಿ ತೀರಿಕೊಳ್ಳುವವರೆಗೂ ಅಲ್ಲೇ ಇದ್ದರು. ಅವರ ಸಹಾಯಕ ಚಿಂತಾಮಣಿ ರಘುನಾಥಾಚಾರಿ 1867ರಲ್ಲಿ ಆರ್ ರೆಟಿಕ್ಯುಲೈ ಎಂಬ ನಕ್ಷತ್ರದ ಬೆಳಕು ಏರಿಳಿಯುತ್ತದೆ ಅಂತ ಕಂಡುಹಿಡಿದರು. ಮರುವರ್ಷ ಪೂರ್ಣ ಸೂರ್ಯಗ್ರಹಣ ನೋಡಲು ಅವರು ಬಂದದ್ದು ವನಪರ್ತಿಗೆ. ರಾಯಚೂರಿಂದ ಕೃಷ್ಣಾ ದಾಟಿದರೆ ಸಿಗೋ ಊರು.

ಒಂದು ನಕ್ಷತ್ರ ಮಂಕಾಯ್ತು ಅಂತ ಕಣ್ಣಿನಲ್ಲೇ ಹೇಗೆ ಹೇಳೋದು? ಪಕ್ಕದ ನಕ್ಷತ್ರಗಳ ಜೊತೆ ಹೋಲಿಸಬೇಕು. ಅದೊಂದೇ ಕುಗ್ಗಿದ್ದರೆ ಬದಲಾದದ್ದು ನಕ್ಷತ್ರ. ಎಲ್ಲವೂ ಕುಗ್ಗಿದ್ದರೆ ತೊಂದರೆ ಆಕಾಶದ್ದು, ಇಲ್ಲಾ ನೋಡೋ ಕಣ್ಣಿಂದು. ನಾವು ಆಫೀಸಿನಲ್ಲಿ ಬಗ್ ಹುಡುಕೋದೂ ಹೀಗೇ.

ಅಪ್ಪ ಎರಡು ವರ್ಷದಿಂದ ಒಂದೇ ಮಾತು ಹೇಳ್ತಿದ್ದರು: "ಈಗ ಚಿಕ್ಕಿನೂ ಮಂಕಾಗ್ಯಾವ." ಊರಿನ ಲೈಟು, ಧೂಳು ಅಂದುಕೊಂಡು ನಾನೂ ಹೂಂಗುಟ್ಟಿದ್ದೆ. ರಾಯಚೂರಿನ ಮನೆ ಮಾಳಿಗೆ ಮೇಲೆ ನನಗೂ ಅಷ್ಟೇ ಕಾಣ್ತಿತ್ತು.

ಆದರೆ ಇದು ಅಮಾವಾಸ್ಯೆ, ಹೊಲದ ಕತ್ತಲು. ರಾತ್ರಿ ಹತ್ತಕ್ಕೆ ಮೂವರೂ ಪೂರ್ವಕ್ಕೆ ಮುಖ ಮಾಡಿ ನಿಂತೆವು. ಕೃತ್ತಿಕೆಯ ಆರರಲ್ಲಿ ದೊಡ್ಡದರ ದರ್ಜೆ 2.9, ಆರನೆಯದರದು 4.3. ಅಳತೆಗೆ ಒಳ್ಳೇ ಪಟ್ಟಿ.

"ನನಗ ಆರೂ ಕಾಣ್ತಾವ," ಅಂದಳು ಹುಡುಗಿ. ಚಸ್ಮಾ ಹಾಕಿದ ನನಗೂ ಆರು.

ಅಪ್ಪ ಬಹಳ ಹೊತ್ತು ನೋಡಿದರು. "ಅಲ್ಲಿ ಹತ್ತಿ ಉಂಡಿ ಇಟ್ಟಂಗ ಐತಿ, ಎಣಸಾಕ ಬರವಲ್ದು."

"ತಾತ, ರೋಹಿಣಿ?"

"ಅದಕ್ಕ ಸುತ್ತ ಕೂದಲ ಬಂದಾವ."

ಒಂದೇ ಆಕಾಶ, ಮೂರು ಜೊತೆ ಕಣ್ಣು. ಬಗ್ ಎಲ್ಲಿದೆ ಅಂತ ಹೇಳೋದು ಬೇಕಿರಲಿಲ್ಲ. ನನ್ನ ಎದೆ ಧಸಕ್ಕೆಂದದ್ದು ಬೇರೆ ಕಾರಣಕ್ಕೆ: ಇದೇ ಕಣ್ಣಿಟ್ಟುಕೊಂಡು ಅಪ್ಪ ರಾತ್ರಿ ಹೊತ್ತು ಬೈಕ್ ಮೇಲೆ ದೇವದುರ್ಗಕ್ಕೆ ಹೋಗಿ ಬರ್ತಿದ್ದರು. ನಾನು ವಾರಕ್ಕೆರಡು ಸಲ ವಿಡಿಯೋ ಕಾಲ್ ಮಾಡಿ "ಆರಾಮ?" ಅಂತ ಕೇಳ್ತಿದ್ದೆ. "ಆರಾಮ" ಅಂತಿದ್ದರು.

ರಾಯಚೂರಿನ ಕಣ್ಣಿನ ಡಾಕ್ಟರು ಎರಡೂ ಕಣ್ಣಿಗೆ ಪೊರೆ ಬಂದಿದೆ ಅಂದರು. ಬಲಗಣ್ಣಿನ ಆಪರೇಷನ್ ಆಗಿದೆ, ಎಡಗಣ್ಣಿಂದು ಬಾಕಿ. ಅಲ್ಲಿವರೆಗೆ ಬೈಕಿನ ಕೀಲಿ ಅವ್ವನ ಹತ್ತಿರ.

ಮೊನ್ನೆ ರಾತ್ರಿ ಅಪ್ಪನೇ ಫೋನ್ ಮಾಡಿದ್ದರು. "ಇವತ್ತು ಐದು ಕಂಡ್ವು ನೋಡ. ಆರನೇದು ಇನ್ನಾ ಹುಡಕಾಕತ್ತೀನಿ."

ಈ ಸಲ ಊರಿಗೆ ಹೋದಾಗ ನೀವೂ ಅಪ್ಪ-ಅಮ್ಮನನ್ನು ಕತ್ತಲಿರೋ ಕಡೆ ನಿಲ್ಲಿಸಿ ಕೇಳಿ: ಕೃತ್ತಿಕೆ ಎಷ್ಟು ಕಾಣ್ತಾವೆ? ಇದು ಕಣ್ಣಿನ ಪರೀಕ್ಷೆ ಅಲ್ಲ. ಆದರೆ ನಿಮ್ಮ ಲೆಕ್ಕಕ್ಕೂ ಅವರ ಲೆಕ್ಕಕ್ಕೂ ತಾಳೆಯಾಗದಿದ್ದರೆ, ಮರುದಿನ ಡಾಕ್ಟರ ಹತ್ತಿರ ಕರ್ಕೊಂಡು ಹೋಗಿ.