ಕಾಸ್ಮೊಪಾಲಿಟನ್ ಎನ್ನುವ ಮೊದಲು: ಮನೆ ಕೊಡುವವರಲ್ಲೂ ಮನೆ ಕೇಳುವವರಲ್ಲೂ ಒಂದು ಮನವಿ



ಮನೆ ಬಾಡಿಗೆಗೆ ಕೊಡುವವರು, ಬಾಡಿಗೆ ಮನೆ ಹುಡುಕುವವರು, ಅಪಾರ್ಟ್‌ಮೆಂಟ್ ಸಂಘಗಳ ಪದಾಧಿಕಾರಿಗಳು, ಎಲ್ಲರಲ್ಲೂ ನನ್ನದೊಂದು ಕೋರಿಕೆ ಇದೆ. ಮನೆ ಕೇಳಿಕೊಂಡು ಬಂದವರ ಜಾತಿ ಯಾವುದು, ಧರ್ಮ ಯಾವುದು ಎಂದು ನೋಡಿ ಬಾಗಿಲು ಹಾಕುವ ರೂಢಿಯನ್ನು ದಯಮಾಡಿ ಬಿಡಿ. ಬೇರೆ ಊರಿಗೆ ಹೋಗಿ ನೆಲೆಸಿದ್ದರೆ ಆ ಊರಿನ ಮಾತು ಕಲಿಯಿರಿ. ಗುಜರಾತಿನ ವಡೋದರದ ಅಲ್ಕಾಪುರಿಯಲ್ಲಿ ನಿಂತು ನೋಡಿದರೂ, ಬೆಂಗಳೂರಿನ ಯಾವುದೋ ಬಡಾವಣೆಯಲ್ಲಿ ನಿಂತು ನೋಡಿದರೂ ಈ ಎರಡು ಮಾತುಗಳು ಒಂದಕ್ಕೊಂದು ಅಂಟಿಕೊಂಡೇ ಇವೆ. ನಾವು ಹೆಮ್ಮೆಯಿಂದ ಬಳಸುವ ‘ಕಾಸ್ಮೊಪಾಲಿಟನ್’ ಎಂಬ ಇಂಗ್ಲಿಷ್ ಗುಣವಾಚಕ ಉಳಿಯುವುದೂ ಅಳಿಯುವುದೂ ಇವೆರಡರ ಮೇಲೆಯೇ.

ಅಲ್ಕಾಪುರಿ ವಡೋದರದ ರೈಲು ನಿಲ್ದಾಣದ ಪಶ್ಚಿಮಕ್ಕಿದೆ. ಕುಬೇರನ ಪಟ್ಟಣದ ಹೆಸರು ಹೊತ್ತ ಈ ಬಡಾವಣೆ ಅನುಕೂಲಸ್ಥರ ನೆಲೆ. ಬ್ಯಾಂಕು, ಆಸ್ಪತ್ರೆ, ಹೋಟೆಲುಗಳ ಜಾಗ. 1960ರ ದಶಕದಲ್ಲಿ ಗೊಬ್ಬರದ ಕಾರ್ಖಾನೆ ಬಂತು, ಕೊಯಲಿಯಲ್ಲಿ ತೈಲ ಸಂಸ್ಕರಣಾಗಾರ ಬಂತು, 1969ರಲ್ಲಿ ಐಪಿಸಿಎಲ್ ಎಂಬ ಪೆಟ್ರೋಕೆಮಿಕಲ್ ಕಂಪನಿ ಬಂತು. ಅವುಗಳ ಜೊತೆಗೆ ದೇಶದ ಎಲ್ಲ ಮೂಲೆಗಳಿಂದ ಜನ ಈ ಊರಿಗೆ ಬಂದರು. ಅವರಲ್ಲಿ ಕನ್ನಡಿಗರಿದ್ದರು, ಕರಾವಳಿಯಿಂದ ಬಂದು ಹೋಟೆಲು, ಕ್ಯಾಂಟೀನು ನಡೆಸಿದವರಿದ್ದರು. ಹಾಗೆ ಬಂದು ಮನೆ ಹುಡುಕುವವರಿಗೆ ಗುಜರಾತಿನಲ್ಲಿ ಎದುರಾಗುವ ಪ್ರಶ್ನೆ ಒಂದಿದೆ: ‘ತಮೆ ಕೇವಾ?’ ನೀವು ಎಂಥವರು ಎಂದು ಅದರ ಅರ್ಥ. ಕೇಳುವವರು ನಿಮ್ಮ ಸ್ವಭಾವವನ್ನು ವಿಚಾರಿಸುತ್ತಿಲ್ಲ, ಜಾತಿಯನ್ನು ಕೇಳುತ್ತಿದ್ದಾರೆ. ನಮ್ಮ ಕಡೆ ಇದೇ ಪ್ರಶ್ನೆಯನ್ನು ‘ನೀವು ಯಾವ ಜನ?’ ಎಂದು ಕೇಳುತ್ತೇವೆ.

ಈ ಪ್ರಶ್ನೆ ಎಷ್ಟು ಸಾಮಾನ್ಯವಾಗಿದೆಯೆಂದರೆ, ಅದನ್ನು ಕೇಳದ ಕಡೆಗೆ ಬೇರೆಯದೇ ಒಂದು ಹೆಸರು ಬೇಕಾಯಿತು. ಮುಂಬೈಯ ಮನೆ ಜಾಹೀರಾತುಗಳಲ್ಲಿ ‘ಕಾಸ್ಮೊಪಾಲಿಟನ್ ಸೊಸೈಟಿ’ ಎಂದು ಬರೆದಿದ್ದರೆ, ಆ ಕಟ್ಟಡ ಒಂದೇ ಸಮುದಾಯಕ್ಕೆ ಮೀಸಲಲ್ಲ, ಯಾರು ಬೇಕಾದರೂ ವಿಚಾರಿಸಬಹುದು ಎಂದು ತಿಳಿಯಬೇಕು. ಎಲ್ಲರಿಗೂ ಮನೆ ಸಿಗುತ್ತದೆ ಎಂಬುದನ್ನು ಲಿಫ್ಟು, ಪಾರ್ಕಿಂಗುಗಳ ಜೊತೆಗೆ ಒಂದು ಸೌಲಭ್ಯವಾಗಿ ಬರೆಯಬೇಕಾಗಿ ಬಂದಿದೆ. ಬೆಂಗಳೂರಿನಲ್ಲಿ ಇದೇ ಪದಕ್ಕೆ ಬೇರೆ ಎರಡು ಬಳಕೆಗಳಿವೆ. ಊರನ್ನು ಹೊಗಳುವಾಗ ‘ನಮ್ಮದು ಕಾಸ್ಮೊಪಾಲಿಟನ್ ನಗರ’ ಎನ್ನುತ್ತೇವೆ. ‘ಇದು ಕಾಸ್ಮೊಪಾಲಿಟನ್ ನಗರ, ಇಲ್ಲಿ ಕನ್ನಡ ಯಾಕೆ ಬೇಕು’ ಎಂದು ಕೇಳುವವರೂ ಇದ್ದಾರೆ. ಮೊದಲನೆಯದನ್ನು ಹೇಳುವವರ ಮನೆಯ ಗೇಟಿಗೇ ‘ಸಸ್ಯಾಹಾರಿಗಳಿಗೆ ಮಾತ್ರ’ ಎಂಬ ಟು-ಲೆಟ್ ಬೋರ್ಡು ನೇತಾಡುತ್ತಿರುತ್ತದೆ. ಎರಡನೆಯದನ್ನು ಹೇಳುವವರು ಹತ್ತು ವರ್ಷ ಇದ್ದರೂ ಪಕ್ಕದ ಮನೆಯವರ ಜೊತೆ ಒಂದು ಮಾತು ಆಡಿರುವುದಿಲ್ಲ.

ಈ ಪದದ ಚರಿತ್ರೆ ದೊಡ್ಡದು. ಕ್ರಿಸ್ತಪೂರ್ವ ನಾಲ್ಕನೆಯ ಶತಮಾನದ ಗ್ರೀಕ್ ತತ್ತ್ವಜ್ಞಾನಿ ಡಯೋಜನೀಸನನ್ನು ನಿನ್ನ ಊರು ಯಾವುದೆಂದು ಕೇಳಿದಾಗ, ತಾನು ಜಗತ್ತಿನ ಪ್ರಜೆ ಎಂದನಂತೆ. ಜಗತ್ತಿಗೂ ಪ್ರಜೆಗೂ ಇರುವ ಗ್ರೀಕ್ ಮಾತುಗಳು ಸೇರಿ ಈ ಪದವಾಯಿತು. 1795ರಲ್ಲಿ ಜರ್ಮನಿಯ ಇಮ್ಯಾನುಯೆಲ್ ಕಾಂಟ್ ಶಾಶ್ವತ ಶಾಂತಿಯ ಬಗ್ಗೆ ಬರೆಯುತ್ತ ಇದಕ್ಕೆ ಒಂದು ಖಚಿತ ಅಳತೆ ಕೊಟ್ಟ: ಪರ ನೆಲಕ್ಕೆ ಬಂದವನನ್ನು ಶತ್ರುವೆಂದು ಕಾಣದೆ ಬರಮಾಡಿಕೊಳ್ಳುವುದು ಉಪಕಾರವಲ್ಲ, ಬಂದವನ ಹಕ್ಕು ಎಂದ. 1949ರಲ್ಲಿ ಸ್ಟಾಲಿನ್ನನ ಸೋವಿಯತ್ ಒಕ್ಕೂಟದಲ್ಲಿ ಇದೇ ಪದ ಬೈಗುಳವಾಯಿತು. ‘ಬೇರಿಲ್ಲದ ಕಾಸ್ಮೊಪಾಲಿಟನ್ನರು’ ಎಂದು ಪತ್ರಿಕೆಗಳಲ್ಲಿ ಬರೆಸಿ ಯೆಹೂದಿ ಬರಹಗಾರರನ್ನೂ ವಿಮರ್ಶಕರನ್ನೂ ಕೆಲಸದಿಂದ ಹೊರಹಾಕಿದರು. ಆದ್ದರಿಂದ ಯಾವ ಊರಾದರೂ ಈ ಪದವನ್ನು ಹೇಳಿಕೊಂಡರೆ ಸಾಲದು. ಹೊರಗಿನಿಂದ ಬಂದವರಿಗೆ ಆ ಊರಿನಲ್ಲಿ ಏನಾಗುತ್ತದೆ ಎಂದು ನೋಡಬೇಕು.

ಆ ಪರೀಕ್ಷೆಗೆ ವಡೋದರಕ್ಕಿಂತ, ಅಂದರೆ ಅಂದಿನ ಬರೋಡಕ್ಕಿಂತ, ಒಳ್ಳೆಯ ಉದಾಹರಣೆ ನನಗೆ ತಿಳಿದಿಲ್ಲ. ಮೈಸೂರಿನವರು ದಿನವೂ ಓಡಾಡುವ ಸಯ್ಯಾಜಿರಾವ್ ರಸ್ತೆಗೆ ಹೆಸರಾದವರು ಬರೋಡದ ಮಹಾರಾಜ ಮೂರನೆಯ ಸಯಾಜಿರಾವ್ ಗಾಯಕವಾಡ್. ಅವರ ಬಾಲ್ಯದಲ್ಲಿ ಸಂಸ್ಥಾನವನ್ನು ನಡೆಸಿದ ದಿವಾನರು ಕುಂಭಕೋಣದ ಟಿ. ಮಾಧವರಾವ್. ಮುಂದೆ ಬಂಗಾಳದ ರಮೇಶಚಂದ್ರ ದತ್ತರು ದಿವಾನರಾಗಿ, 1909ರಲ್ಲಿ ಬರೋಡದಲ್ಲೇ ತೀರಿಕೊಂಡರು. ಅಲ್ಕಾಪುರಿಯ ದೊಡ್ಡ ರಸ್ತೆ ಇಂದಿಗೂ ಆರ್.ಸಿ. ದತ್ ರಸ್ತೆ. 1893ರಿಂದ 1906ರವರೆಗೆ ಅರವಿಂದರು ಇಲ್ಲಿ ಕೆಲಸ ಮಾಡಿದರು. ಮೈಸೂರು ಅರಮನೆಯ ಮನ್ನಣೆ ಪಡೆದಿದ್ದ ಮೌಲಾ ಬಕ್ಷ್ 1886ರಲ್ಲಿ ಇಲ್ಲಿ ಸಂಗೀತ ಶಾಲೆ ತೆರೆದರು. ಇಡೀ ಸಂಸ್ಥಾನಕ್ಕೆ ಕಡ್ಡಾಯ ಪ್ರಾಥಮಿಕ ಶಿಕ್ಷಣ ಬಂದದ್ದು 1906ರಲ್ಲಿ. ಆ ಕಾಲದಲ್ಲಿ ಇದಕ್ಕಿಂತ ತೆರೆದ ಮನಸ್ಸಿನ ದರ್ಬಾರು ಸಿಗುವುದು ಕಷ್ಟವಿತ್ತು.

ಆ ದರ್ಬಾರೇ 1913ರಲ್ಲಿ ಭೀಮರಾವ್ ಅಂಬೇಡ್ಕರರಿಗೆ ವಿದ್ಯಾರ್ಥಿವೇತನ ಕೊಟ್ಟು ಅಮೆರಿಕದ ಕೊಲಂಬಿಯಾ ವಿಶ್ವವಿದ್ಯಾಲಯಕ್ಕೆ ಕಳಿಸಿತು. ಓದು ಮುಗಿಸಿ 1917ರಲ್ಲಿ ಅವರು ಸಂಸ್ಥಾನದ ಕೆಲಸಕ್ಕೆ ಬಂದರು. ಕೆಲಸವಿತ್ತು, ಇರಲು ಮನೆ ಇರಲಿಲ್ಲ. ಹಿಂದೂ ಹೋಟೆಲುಗಳು ಸೇರಿಸಿಕೊಳ್ಳುವುದಿಲ್ಲವೆಂದು ಗೊತ್ತಿದ್ದ ಅವರು ಪಾರಸಿಗಳ ಒಂದು ವಸತಿಗೃಹದಲ್ಲಿ ಪಾರಸಿ ಹೆಸರು ಬರೆಸಿ ಉಳಿದರು. ಹನ್ನೊಂದನೆಯ ದಿನ ಕೋಲು ಹಿಡಿದ ಪಾರಸಿಗಳ ಗುಂಪು ಬಂದು ಜಾಗ ಬಿಡುವಂತೆ ಬೆದರಿಸಿತು. ಅಂಬೇಡ್ಕರರು ಒಬ್ಬ ಹಿಂದೂ ಗೆಳೆಯನನ್ನು ಕೇಳಿದರು. ನೀವು ಬಂದರೆ ಮನೆಯ ಆಳುಗಳು ಬಿಟ್ಟುಹೋಗುತ್ತಾರೆ ಎಂದನಾತ. ಕ್ರೈಸ್ತ ಗೆಳೆಯನನ್ನು ಕೇಳಿದರು. ಹೆಂಡತಿಯನ್ನು ಕೇಳಿ ಹೇಳುತ್ತೇನೆ ಎಂದನಾತ. ಕೊನೆಗೆ ಕಾಮಾಟಿ ಬಾಗ್ ಉದ್ಯಾನದಲ್ಲಿ ಗಂಟೆಗಟ್ಟಲೆ ಕುಳಿತಿದ್ದು ರಾತ್ರಿಯ ರೈಲಿಗೆ ಮುಂಬೈಗೆ ಹೊರಟರು. ಇದೆಲ್ಲವನ್ನೂ ಅವರೇ ಬರೆದಿಟ್ಟಿದ್ದಾರೆ. ಅವರು ಕುಳಿತ ಜಾಗ ಇಂದು ಸಂಕಲ್ಪಭೂಮಿ ಎಂಬ ಸ್ಮಾರಕ. ಅಲ್ಕಾಪುರಿಯಿಂದ ನಿಲ್ದಾಣ ದಾಟಿದರೆ ಆ ತೋಟ ದೂರವಿಲ್ಲ.

ಬಂಧುಗಳೇ, ಈ ಘಟನೆಯನ್ನು ನಿಧಾನವಾಗಿ ಯೋಚಿಸಿ. ಮಹಾರಾಜರು ವಿದ್ಯಾರ್ಥಿವೇತನ ಕೊಡಬಲ್ಲವರಾಗಿದ್ದರು, ಹುದ್ದೆ ಕೊಡಬಲ್ಲವರಾಗಿದ್ದರು. ಅವರ ರಾಜಧಾನಿಯ ಮನೆಗಳ ಬಾಗಿಲು ಮಾತ್ರ ಅವರ ಕೈಯಲ್ಲಿರಲಿಲ್ಲ. ಅದು ಹೋಟೆಲಿನವರ, ಗೆಳೆಯರ, ಗೆಳೆಯರ ಹೆಂಡಂದಿರ ಕೈಯಲ್ಲಿತ್ತು. ಇಂದು ಅದು ನಿಮ್ಮ ನನ್ನ ಕೈಯಲ್ಲಿದೆ. ಅದಕ್ಕೇ ಈ ಮನವಿಯನ್ನು ಸರ್ಕಾರಕ್ಕೆ ಬರೆಯದೆ ನಿಮಗೆ ಬರೆಯುತ್ತಿದ್ದೇನೆ.

ಕಾನೂನು ನೋಡಿಕೊಳ್ಳುತ್ತದೆ ಎಂದು ಕೂರುವ ಹಾಗಿಲ್ಲ. ಸಂವಿಧಾನದ 15ನೆಯ ವಿಧಿ ಅಂಗಡಿ, ಹೋಟೆಲು, ಬಾವಿ, ಕೆರೆ, ರಸ್ತೆಗಳ ಬಳಕೆಯಲ್ಲಿ ಭೇದ ಮಾಡಬಾರದೆನ್ನುತ್ತದೆ. ಬಾಡಿಗೆ ಮನೆಯ ಹೆಸರನ್ನು ಅದು ಹೇಳುವುದಿಲ್ಲ. ಅಹಮದಾಬಾದಿನ ಜೊರಾಸ್ಟ್ರಿಯನ್ ಸಹಕಾರಿ ಗೃಹನಿರ್ಮಾಣ ಸಂಘದ ಪ್ರಕರಣದಲ್ಲಿ, ಪಾರಸಿಗಳಿಗೆ ಮಾತ್ರ ಸದಸ್ಯತ್ವ ಎಂಬ ನಿಯಮವನ್ನು ಸುಪ್ರೀಂ ಕೋರ್ಟು 2005ರಲ್ಲಿ ಎತ್ತಿಹಿಡಿಯಿತು. ಗುಜರಾತಿನಲ್ಲಿ ‘ಅಶಾಂತ ಪ್ರದೇಶ’ಗಳ ಕಾಯ್ದೆ ಎಂದು ಕರೆಯುವ 1991ರ ಕಾಯ್ದೆಯಿದೆ. ಗಲಭೆಗೆ ಹೆದರಿ ಜನ ಸಿಕ್ಕಿದ ಬೆಲೆಗೆ ಮನೆ ಮಾರಿ ಓಡಬಾರದೆಂದು ತಂದ ಕಾಯ್ದೆ ಅದು. ಅಹಮದಾಬಾದ್, ವಡೋದರ, ಸೂರತ್‌ಗಳ ಗೊತ್ತುಪಡಿಸಿದ ಪ್ರದೇಶಗಳಲ್ಲಿ ಆಸ್ತಿ ಮಾರಲು ಜಿಲ್ಲಾಧಿಕಾರಿಯ ಅನುಮತಿ ಬೇಕು. ವರ್ಷಗಳು ಕಳೆದಂತೆ, ಒಂದು ಧರ್ಮದವರ ಕೇರಿಗೆ ಇನ್ನೊಂದು ಧರ್ಮದವರು ಬರುವುದನ್ನು ತಡೆಯಲೂ ಜನ ಅದೇ ಕಾಯ್ದೆಯನ್ನು ಮುಂದಿಡತೊಡಗಿದರು.

ವಡೋದರದ ಹರಣಿ ಪ್ರದೇಶದಲ್ಲಿ 2024ರ ಜೂನ್‌ನಲ್ಲಿ ನಡೆದದ್ದನ್ನು ಪತ್ರಿಕೆಗಳಲ್ಲಿ ನೀವೂ ಓದಿರಬಹುದು. ಸರ್ಕಾರದ ವಸತಿ ಯೋಜನೆಯ 462 ಮನೆಗಳ ಸಮುಚ್ಚಯದಲ್ಲಿ ಒಬ್ಬ ಮುಸ್ಲಿಂ ಮಹಿಳೆಗೆ 2017ರಲ್ಲಿ ಮನೆ ಹಂಚಿಕೆಯಾಗಿತ್ತು. ಕೆಲವು ನಿವಾಸಿಗಳು ಆ ಹಂಚಿಕೆಯನ್ನು ರದ್ದು ಮಾಡಬೇಕೆಂದು ಸಹಿ ಹಾಕಿ, ಪ್ರತಿಭಟನೆಗೆ ನಿಂತರು. 1917ರಲ್ಲಿ ಅಂಬೇಡ್ಕರರಿಗೆ ಮನೆ ಕೊಡದ ಊರು ನೂರೇಳು ವರ್ಷಗಳ ಬಳಿಕವೂ ಅದೇ ಪ್ರಶ್ನೆಯನ್ನು ಎದುರಿಸಿತು. ಗುಜರಾತಿನವರನ್ನು ದೂರಿ ನಾವು ಪಾರಾಗುವಂತಿಲ್ಲ. ಬೆಂಗಳೂರು, ಮೈಸೂರು, ಹುಬ್ಬಳ್ಳಿ, ಮಂಗಳೂರುಗಳಲ್ಲಿ ಮನೆ ಹುಡುಕಿದ ದಲಿತ ನೌಕರರನ್ನು, ಮುಸ್ಲಿಂ ವಿದ್ಯಾರ್ಥಿಗಳನ್ನು, ಒಂಟಿ ಹೆಣ್ಣುಮಕ್ಕಳನ್ನು ಕೇಳಿ ನೋಡಿ.

ಮನೆ ಮಾಲೀಕರ ಆತಂಕಗಳನ್ನು ನಾನು ಹಗುರವಾಗಿ ಕಾಣುವುದಿಲ್ಲ. ಜೀವಮಾನದ ದುಡಿಮೆ ಹಾಕಿ ಕಟ್ಟಿದ ಮನೆ. ಬಾಡಿಗೆ ಸರಿಯಾಗಿ ಬರಬೇಕು, ಗೋಡೆ ಹಾಳಾಗಬಾರದು, ರಾತ್ರಿ ಗದ್ದಲವಾಗಬಾರದು. ಇವುಗಳನ್ನು ಕೇಳಿ, ಕರಾರುಪತ್ರದಲ್ಲಿ ಬರೆಸಿ, ಗುರುತಿನ ಚೀಟಿ ನೋಡಿ, ಅಡ್ವಾನ್ಸ್ ತೆಗೆದುಕೊಳ್ಳಿ. ಇವೆಲ್ಲ ನಡತೆಗೆ ಸಂಬಂಧಿಸಿದ ಪ್ರಶ್ನೆಗಳು. ಅಡುಗೆಯ ವಿಚಾರವೂ ಇದೆ. ಒಂದೇ ಅಡುಗೆಮನೆ ಹಂಚಿಕೊಳ್ಳುವ ಕಡೆ, ಒಳಗೆ ಅತ್ತೆಮಾವನವರು ಮಡಿಯಲ್ಲಿರುವ ಕಡೆ ಊಟದ ಬಗ್ಗೆ ಬಾಯಿಬಿಟ್ಟು ಮಾತಾಡಿಕೊಳ್ಳುವುದು ಸಹಜ. ಐವತ್ತು ಮನೆಗಳ ಕಟ್ಟಡದಲ್ಲಿ, ಬೇರೆ ಬಾಗಿಲು, ಬೇರೆ ಅಡುಗೆಮನೆ ಇರುವ ಕಡೆ ಆ ಮಾತು ಹೆಚ್ಚಾಗಿ ಜಾತಿ ಕೇಳುವ ಸುತ್ತುದಾರಿ ಎಂಬುದು ಕೇಳುವವರಿಗೂ ಗೊತ್ತು, ಉತ್ತರಿಸುವವರಿಗೂ ಗೊತ್ತು.

ಇನ್ನು ಭಾಷೆಯ ಮಾತು. ಹೊರಗಿನಿಂದ ಬಂದವರು ಕನ್ನಡ ಕಲಿಯುತ್ತಿಲ್ಲ ಎಂಬ ನಮ್ಮ ನೋವು ನಿಜವಾದದ್ದು. ಆದರೆ ಭಾಷೆ ಬರುವುದು ಎಲ್ಲಿಂದ? ಪಕ್ಕದ ಮನೆಯ ಅಜ್ಜಿಯಿಂದ, ಮಕ್ಕಳ ಆಟದಿಂದ, ತರಕಾರಿ ಗಾಡಿಯ ಸುತ್ತ ನಿಂತವರಿಂದ, ಹಬ್ಬದ ದಿನ ಕೈಗೆ ಬಂದ ಎಳ್ಳುಬೆಲ್ಲದ ಜೊತೆಗಿನ ನಾಲ್ಕು ಮಾತಿನಿಂದ. ವಠಾರದ ಬಾಗಿಲು ಮುಚ್ಚಿಸಿಕೊಂಡವರು ತಮ್ಮಂಥವರೇ ತುಂಬಿದ ಕಡೆಗೆ ಹೋಗಿ ಸೇರುತ್ತಾರೆ. ಅಲ್ಲಿ ಕನ್ನಡ ಕಿವಿಗೇ ಬೀಳುವುದಿಲ್ಲ. ಮನೆ ಕೊಟ್ಟವರಿಗೆ ‘ಕನ್ನಡ ಕಲೀರಿ’ ಎನ್ನುವ ಸಲಿಗೆ ತಾನಾಗಿ ಬರುತ್ತದೆ. ವಡೋದರದ ಕನ್ನಡಿಗರೂ ಗುಜರಾತಿಯನ್ನು ಕಲಿಯುವುದು ಹೀಗೆಯೇ, ನೆರೆಹೊರೆಯ ‘ಬೆನ್’ಗಳಿಂದ, ‘ಭಾಯಿ’ಗಳಿಂದ. ಓದಿನ ವಿಚಾರದಲ್ಲೂ ಇದೇ ಮಾತು. ಇಲ್ಲಿನ ಮಹಾರಾಜಾ ಸಯಾಜಿರಾವ್ ವಿಶ್ವವಿದ್ಯಾಲಯದಲ್ಲಿ ಬೆಂಗಳೂರಿನ ಪುಷ್ಪಮಾಲಾ ಎನ್., ಮೈಸೂರಿನ ಎನ್.ಎಸ್. ಹರ್ಷ ಅವರಂಥ ಕಲಾವಿದರು ಓದಿದರು. ಆ ವಿಶ್ವವಿದ್ಯಾಲಯಕ್ಕೆ ಹೊರಗಿನ ಮಕ್ಕಳು ಬರುತ್ತಲೇ ಇರಬೇಕಾದರೆ ಊರಿನಲ್ಲಿ ಅವರಿಗೆ ಕೋಣೆಗಳೂ ಸಿಗುತ್ತಿರಬೇಕು.

ಅದೇ ವಿಶ್ವವಿದ್ಯಾಲಯದ ಮೊದಲ ಕುಲಪತಿ ಹಂಸಾ ಮೆಹ್ತಾ. ವಿಶ್ವಸಂಸ್ಥೆ 1948ರಲ್ಲಿ ಮಾನವ ಹಕ್ಕುಗಳ ಘೋಷಣೆಯನ್ನು ಸಿದ್ಧಪಡಿಸುವಾಗ, ಮೊದಲ ವಿಧಿಯಲ್ಲಿ ಗಂಡಸರು ಎಂಬ ಅರ್ಥಕ್ಕೂ ಎಡೆಯಿದ್ದ ಪದವನ್ನು ತೆಗೆಸಿ, ಎಲ್ಲ ಮನುಷ್ಯರೂ ಎಂಬ ಮಾತು ಬರುವಂತೆ ಹಟ ಹಿಡಿದವರು ಅವರು. ಕಾಗದದ ಮೇಲಿನ ಒಂದೆರಡು ಪದಗಳನ್ನು ತಿದ್ದುವುದು ಸಣ್ಣ ಕೆಲಸವಲ್ಲ. ಆದ್ದರಿಂದ ನನ್ನ ಕೋರಿಕೆಗಳು ಅಲ್ಲಿಂದಲೇ ಶುರುವಾಗುತ್ತವೆ.

ಒಂದು: ನಿಮ್ಮ ಟು-ಲೆಟ್ ಬೋರ್ಡಿನಿಂದ, ಜಾಹೀರಾತಿನಿಂದ ಜಾತಿ, ಧರ್ಮ, ಆಹಾರದ ಷರತ್ತುಗಳನ್ನು ತೆಗೆದುಬಿಡಿ. ದಲ್ಲಾಳಿಗೂ ‘ಯಾರು ಬಂದರೂ ಕರೆತನ್ನಿ’ ಎಂದು ಬಾಯಿಬಿಟ್ಟು ಹೇಳಿ. ನೀವು ಹೇಳದಿದ್ದರೆ ಅವರು ತಾವೇ ಸೋಸಿ ಕಳಿಸುತ್ತಾರೆ.

ಎರಡು: ಅಪಾರ್ಟ್‌ಮೆಂಟ್ ಸಂಘದ ಮುಂದಿನ ಸರ್ವಸದಸ್ಯರ ಸಭೆಯಲ್ಲಿ ಒಂದು ನಿರ್ಣಯ ಮಂಡಿಸಿ. ಬಾಡಿಗೆದಾರರ ಜಾತಿ, ಧರ್ಮ, ಊಟ, ಮದುವೆಯಾಗಿದೆಯೋ ಇಲ್ಲವೋ ಎಂಬುದನ್ನು ಸಂಘ ವಿಚಾರಿಸುವುದಿಲ್ಲ ಎಂದು ನಡಾವಳಿ ಪುಸ್ತಕದಲ್ಲಿ ಬರೆಸಿ.

ಮೂರು: ನೆರೆಯವರು ಯಾರಿಗಾದರೂ ಇಂಥ ಕಾರಣಕ್ಕೆ ಮನೆ ನಿರಾಕರಿಸಿದರೆ ಸುಮ್ಮನಿರಬೇಡಿ. ಮನೆ ಸಿಗದವರ ಜೊತೆಗೆ ಹೋಗಿ ಮಾಲೀಕರ ಹತ್ತಿರ ಮಾತಾಡಿ, ‘ಇವರು ನನಗೆ ಗೊತ್ತು’ ಎನ್ನಿ. 1917ರ ಬರೋಡದಲ್ಲಿ ಹಾಗೆನ್ನುವವರು ಒಬ್ಬರೂ ಮುಂದೆ ಬರಲಿಲ್ಲ.

ನಾಲ್ಕು: ಹೊರರಾಜ್ಯಗಳಲ್ಲಿರುವ ಕನ್ನಡಿಗರೇ, ಅಲ್ಲಿನ ಭಾಷೆಯನ್ನು ಮಾತಾಡುವಷ್ಟಲ್ಲದೆ ಓದುವಷ್ಟೂ ಕಲಿಯಿರಿ. ಕರ್ನಾಟಕಕ್ಕೆ ಬಂದಿರುವ ನೆರೆಯವರಿಗೆ ಕನ್ನಡ ಕಲಿಸುವ ಕೆಲಸವನ್ನು ನಿಮ್ಮ ಮನೆಯ ಪಡಸಾಲೆಯಲ್ಲೇ ಆರಂಭಿಸಿ.

ಐದು: ಹೊರನಾಡಿನ ಕನ್ನಡ ಸಂಘಗಳು ಹೊಸದಾಗಿ ಬಂದವರಿಗೆ ಮನೆ ಹುಡುಕಿಕೊಡುವಾಗ ‘ನಮ್ಮವರು’ ಎಂಬ ಮಾತನ್ನು ಜಾತಿಗೆ ಕಟ್ಟದಿರಲಿ. ಕನ್ನಡ ಆಡುವ ಮುಸ್ಲಿಮರೂ ಕ್ರೈಸ್ತರೂ ದಲಿತರೂ ನಮ್ಮವರೇ.

ಇವುಗಳಲ್ಲಿ ಯಾವುದಕ್ಕೂ ಹಣ ಬೇಡ, ಅಧಿಕಾರ ಬೇಡ, ಹೊಸ ಕಾನೂನಿಗಾಗಿ ಕಾಯಬೇಕಿಲ್ಲ. ಈ ವಾರವೇ ಬೋರ್ಡನ್ನು ತಿದ್ದಬಹುದು, ಬರುವ ಸಭೆಯಲ್ಲೇ ನಿರ್ಣಯ ತರಬಹುದು. ಮನೆ ಖಾಲಿ ಇದೆಯೇ ಎಂದು ಯಾರಾದರೂ ಫೋನ್ ಮಾಡಿದರೆ, ಬಾಡಿಗೆ ಎಷ್ಟೆಂದು ಹೇಳಿ, ಯಾವಾಗ ನೋಡಲು ಬರುತ್ತೀರಿ ಎಂದು ಕೇಳಿ. ಅದರಾಚೆಗೆ ಅವರು ಎಂಥವರು ಎಂಬುದನ್ನು ಅವರು ಬಂದು ನಿಮ್ಮ ಜೊತೆ ಬಾಳಿದ ಮೇಲೆ ತಿಳಿದುಕೊಳ್ಳಿ.