ತಂದೆಯ ಹೆಸರಿನ ಸಾಲು

ಚಿತ್ರನಟಿ ಭಾವನಾ ರಾಮಣ್ಣ ಅವರು ಅವಿವಾಹಿತೆಯಾಗಿದ್ದುಕೊಂಡೇ ಪ್ರನಾಳ ಶಿಶು ವಿಧಾನದಿಂದ ಗರ್ಭವತಿಯಾಗಿರುವುದನ್ನು 2025ರ ಜುಲೈಯಲ್ಲಿ ಬಹಿರಂಗಪಡಿಸಿದಾಗ ಹರಸಿದವರಂತೆ ಮೂಗುಮುರಿದವರೂ ಇದ್ದರು. ಕಾಯಿದೆಗೆ ಇದು ಸಮ್ಮತವೇ ಎಂದು ನಮ್ಮನ್ನು ಇಂದಿಗೂ ಕೇಳುವವರುಂಟು. ಸಮ್ಮತವೇ. ದಾನಿಯ ವೀರ್ಯದಿಂದ ಮಾಡುವ ಕೃತಕ ಗರ್ಭಧಾರಣೆಯೇ ಮೊದಲಾದ ಈ ಬಗೆಯ ಚಿಕಿತ್ಸೆಗಳನ್ನು ನಿಯಂತ್ರಿಸುವ 2021ರ ಕಾಯಿದೆಯು 21 ವರ್ಷ ದಾಟಿದ, 50 ತುಂಬದ ಸ್ತ್ರೀಗೆ ಅವಕಾಶವಿತ್ತಿದೆ. ಪತಿ ಇರಲೇಬೇಕೆಂದು ವಿಧಿಸಿಲ್ಲ. ದಾನಿಗೆ ಮಗುವಿನ ಮೇಲೆ ಯಾವ ಹಕ್ಕೂ ಉಳಿಯದು. ಅದೇ ವರ್ಷದ ಬಾಡಿಗೆ ತಾಯ್ತನದ ಕಾಯಿದೆ ಮಾತ್ರ ವಿಧವೆಗೂ ವಿಚ್ಛೇದಿತೆಗೂ ಬಾಗಿಲು ತೆರೆದು, ಅವಿವಾಹಿತೆಯನ್ನು ಹೊರಗಿಟ್ಟಿತು. ಇದೆಂಥ ನ್ಯಾಯವೋ!

ತಂದೆಯಿಲ್ಲದೆ ಮಗು ಬೆಳೆಯುವುದೆಂತು ಎಂಬ ಆಕ್ಷೇಪ ಹಗುರವಾದುದಲ್ಲ. ಆದರೆ ಮುಂಬಯಿಯ ಕನ್ನಡಿಗರು ಇದನ್ನೆತ್ತುವಾಗ ನಮಗೆ ತುಸು ಸೋಜಿಗವೆನಿಸುತ್ತದೆ. ಇಲ್ಲಿನ ಹೋಟೆಲುಗಳಲ್ಲಿ ದುಡಿದ ಸಾವಿರಾರು ಜನರ ಮಕ್ಕಳನ್ನು ಊರಿನಲ್ಲಿ ಬೆಳೆಸಿದವರಾರು? ತಂದೆಯೆಂಬವನು ವರ್ಷಕ್ಕೊಮ್ಮೆ ಬರುವ ನೆಂಟ. ಗದ್ದೆ, ಕೊಟ್ಟಿಗೆ, ಶಾಲೆ, ಜ್ವರ, ಎಲ್ಲವೂ ತಾಯಿಯ ಪಾಲು. ಗಲ್ಲಾಪೆಟ್ಟಿಗೆಯ ಹಿಂದೆ ಕುಳಿತು ಆ ತಂದೆಯರಿಗೆ ಸಂಬಳ ಎಣಿಸಿಕೊಟ್ಟ ನಾವು ಇದನ್ನು ಚೆನ್ನಾಗಿ ಬಲ್ಲೆವು. ಆ ತಾಯಂದಿರಿಗೆ ತಿಂಗಳ ಮನಿಯಾರ್ಡರಿತ್ತು, ಗಂಡನ ಹೆಸರಿತ್ತು, ಅತ್ತೆ ಮಾವಂದಿರಿದ್ದರು. ಒಂಟಿಯಾಗಿ ತಾಯಿಯಾಗ ಹೊರಟವಳಿಗೆ ಇವಾವುವೂ ಇಲ್ಲ. ತನ್ನ ಸಂಪಾದನೆ ಸಾಲದೆಂದಾದರೆ, ತಾನು ಕಾಯಿಲೆ ಬಿದ್ದ ದಿನ ಮಗುವನ್ನು ಎತ್ತಿಕೊಳ್ಳುವ ಕೈ ಇನ್ನೊಂದಿಲ್ಲವೆಂದಾದರೆ, ಅವಳು ಇನ್ನೊಮ್ಮೆ ಯೋಚಿಸುವುದು ಲೇಸು. ಯೋಚಿಸಿ ಮುಂದುವರಿದವಳ ಮಗುವಿನ ಗೌರವವಾದರೋ ನಮ್ಮ ಹೊಣೆ.

ನ್ಯಾಯಾಲಯಗಳು ಈ ಹೊಣೆಯನ್ನು ಅರಿತಿವೆ. ಅವಿವಾಹಿತ ತಾಯಿಯು ತಂದೆಯ ಹೆಸರು ಹೇಳದೆಯೇ ಮಗುವಿನ ಪಾಲಕತ್ವ ಪಡೆಯಬಹುದೆಂದು ಸರ್ವೋಚ್ಚ ನ್ಯಾಯಾಲಯವು 2015ರ ಜುಲೈಯಲ್ಲಿ ತೀರ್ಪಿತ್ತಿತು. ಒಂಟಿ ತಾಯಿಗೆ ಈ ಚಿಕಿತ್ಸೆಯಿಂದ ಹುಟ್ಟುವ ಮಗುವಿನ ಜನನ ನೋಂದಣಿಯಲ್ಲಿ ತಂದೆಯ ವಿವರ ಕೇಳಬಾರದು, ಪ್ರತ್ಯೇಕ ನಮೂನೆ ಇರಬೇಕು ಎಂದು ಕೇರಳ ಉಚ್ಚ ನ್ಯಾಯಾಲಯ 2021ರಲ್ಲಿ ಆಜ್ಞಾಪಿಸಿತು. ಪಾಸ್‌ಪೋರ್ಟಿನ ಅರ್ಜಿಗೂ 2016ರ ಡಿಸೆಂಬರಿನಿಂದ ತಾಯಿ ತಂದೆಯರಲ್ಲಿ ಒಬ್ಬರ ಹೆಸರು ಸಾಕು.

ಹಿಂದುಳಿದಿರುವುದು ನಮ್ಮ ಸಂಘಸಂಸ್ಥೆಗಳೇ. ವಿದ್ಯಾರ್ಥಿವೇತನದ ಅರ್ಜಿಯಲ್ಲಿ ತಂದೆಯ ಹೆಸರಿನ ಸಾಲು ತುಂಬದಿದ್ದರೆ ಗುಮಾಸ್ತನು ಎಲ್ಲರೆದುರು ಮಗುವನ್ನೇ ಪ್ರಶ್ನಿಸುತ್ತಾನೆ. ಮುಂದಿನ ಜೂನಿಗೆ ಹೊಸ ಅರ್ಜಿಗಳನ್ನು ಅಚ್ಚು ಹಾಕಿಸುವಾಗ ‘ತಾಯಿ ಅಥವಾ ತಂದೆ’ ಎಂದು ಒಂದೇ ಸಾಲಿರಲೆಂದು ಕಾರ್ಯದರ್ಶಿಗಳನ್ನು ಕೋರುತ್ತೇವೆ. ಅಚ್ಚಿನ ಖರ್ಚೇನೂ ಹೆಚ್ಚಲಾರದು.